ಅಣು, ರಾಶಿ, ಸಂಖ್ಯೆ: ಮೋಲ್ ಎಂಬ ಮಾನದ ವಿಚಾರ

ಮುಂಬಯಿಯ ಟ್ರಾಂಬೆಗೆ ಹೊಂದಿಕೊಂಡಂತೆ ಅಣುಶಕ್ತಿ ನಗರವೆಂಬ ವಸತಿ ಪ್ರದೇಶವಿದೆ. ಮರಾಠಿ ಶಾಲೆಯಲ್ಲಿ ಕಲಿತವರಿಗೆ ಆ ಹೆಸರಿನಲ್ಲಿ ತೊಡಕಿಲ್ಲ. ಮರಾಠಿ ಪಠ್ಯಗಳಲ್ಲಿ ಅಣು ಎಂದರೆ ಮೂಲವಸ್ತುವೊಂದರ ಅತ್ಯಂತ ಕಿರಿಯ ಕಣ. ಅಂಥ ಕಣಗಳು ಕೂಡಿಕೊಂಡು ಆಗುವುದು ರೇಣು. ಕನ್ನಡ ಪಠ್ಯಗಳಲ್ಲಾದರೋ ಮೊದಲನೆಯದು ಪರಮಾಣು, ಎರಡನೆಯದು ಅಣು. ಆದ್ದರಿಂದ ಕನ್ನಡ ಮಾಧ್ಯಮದಲ್ಲಿ ರಸಾಯನವಿಜ್ಞಾನವನ್ನು ಓದಿದವನು ಆ ನಾಮಫಲಕವನ್ನು ತನ್ನ ಪಾರಿಭಾಷಿಕ ಅರ್ಥದಲ್ಲಿ ಓದಿದರೆ ತಪ್ಪು ಕಣದ ಶಕ್ತಿಯನ್ನು ಕಲ್ಪಿಸಿಕೊಳ್ಳುತ್ತಾನೆ. ಆ ನಗರಕ್ಕೆ ಸಂಬಂಧಿಸಿದ ಕೇಂದ್ರ ಸರ್ಕಾರದ ಇಲಾಖೆಯ ಹಿಂದಿ ಹೆಸರಿನಲ್ಲಿರುವುದು 'ಪರಮಾಣು ಊರ್ಜಾ'. ಕನ್ನಡ ಪತ್ರಿಕೆಗಳು ಮಾತ್ರ ಪಠ್ಯಪುಸ್ತಕವನ್ನು ಲೆಕ್ಕಿಸದೆ ಅಣುಬಾಂಬು, ಅಣುವಿದ್ಯುತ್ ಎಂದೇ ಬರೆಯುತ್ತಾ ಬಂದಿವೆ.

ಇದನ್ನು ಕೇವಲ ಪದಗಳ ಜಗಳವೆಂದು ತಳ್ಳಿಹಾಕುವಂತಿಲ್ಲ. 'ಒಂದು ಮೋಲ್ ಆಮ್ಲಜನಕದ ಅಣುಗಳು' ಎಂಬ ಮಾತನ್ನು ಕನ್ನಡದ ಅರ್ಥದಲ್ಲಿ ಹಿಡಿದರೆ 32 ಗ್ರಾಂ; ಮರಾಠಿಯ ಅರ್ಥದಲ್ಲಿ ಹಿಡಿದರೆ 16 ಗ್ರಾಂ. ಒಂದೇ ಸಂಸ್ಕೃತ ಪದ, ಒಂದೇ ಅನಿಲ, ಒಂದೇ ಮಾನ. ತಕ್ಕಡಿಯಲ್ಲಿ ಮಾತ್ರ ಇಮ್ಮಡಿ ವ್ಯತ್ಯಾಸ. ರಸಾಯನವಿಜ್ಞಾನದ ಚರಿತ್ರೆಯಲ್ಲಿ ಸರಿಯಾಗಿ ಇಂಥದೇ ಗೊಂದಲ ಐವತ್ತು ವರ್ಷಗಳ ಕಾಲ ನಡೆಯಿತು ಎಂಬುದು ಇಲ್ಲಿ ಗಮನಾರ್ಹ.

ಎಣಿಸುವುದು, ಅಳೆಯುವುದು, ತೂಗುವುದು ಎಂಬ ಮೂರು ಕ್ರಿಯೆಗಳನ್ನು ಜನಜೀವನ ಬೇರೆಬೇರೆಯಾಗಿ ಇಟ್ಟುಕೊಂಡಿದೆ. ಮಾವಿನ ಹಣ್ಣನ್ನು ಡಜನ್ ಲೆಕ್ಕದಲ್ಲಿ ಎಣಿಸಿ ಕೊಡುತ್ತಾರೆ, ಅಕ್ಕಿಯನ್ನು ಹಿಂದೆ ಸೇರಿನಲ್ಲಿ ಅಳೆಯುತ್ತಿದ್ದರು, ಬೆಲ್ಲವನ್ನು ತೂಗುತ್ತಾರೆ. ಅಕ್ಕಿಯ ಕಾಳುಗಳನ್ನು ಎಣಿಸುವ ಗೋಜಿಗೆ ಯಾರೂ ಹೋಗುವುದಿಲ್ಲ, ಅದರ ಅಗತ್ಯವೂ ಇಲ್ಲ. ಆದರೆ ರಸಾಯನವಿಜ್ಞಾನಿಯ ಸ್ಥಿತಿ ವಿಚಿತ್ರವಾದದ್ದು. ಅವನಿಗೆ ಬೇಕಾದದ್ದು ಎಣಿಕೆ, ಕೈಗೆ ಸಿಗುವುದು ತೂಕ. ಜಲಜನಕದ ಎರಡು ಅಣುಗಳು ಆಮ್ಲಜನಕದ ಒಂದು ಅಣುವಿನೊಡನೆ ಕೂಡಿ ನೀರಿನ ಎರಡು ಅಣುಗಳಾಗುತ್ತವೆ. ಈ ಸಂಯೋಗ ನಡೆಯುವುದು ಸಂಖ್ಯೆಯ ನಿಯಮದಿಂದ. ಪ್ರಯೋಗಶಾಲೆಯ ತಕ್ಕಡಿ ಹೇಳುವುದು 4 ಗ್ರಾಂ ಜಲಜನಕ, 32 ಗ್ರಾಂ ಆಮ್ಲಜನಕ, 36 ಗ್ರಾಂ ನೀರು ಎಂದು ಮಾತ್ರ. ಬ್ಯಾಂಕಿನಲ್ಲಿ ಒಂದೇ ಬಗೆಯ ನಾಣ್ಯಗಳ ಚೀಲವನ್ನು ತೂಗಿ ನಾಣ್ಯಗಳೆಷ್ಟೆಂದು ತಿಳಿಯುವುದುಂಟು. ಒಂದು ನಾಣ್ಯದ ತೂಕ ಗೊತ್ತಿದ್ದರೆ ಅದು ಸಾಧ್ಯ. ಕಣ್ಣಿಗೆ ಕಾಣದ, ಒಂದೊಂದಾಗಿ ತಕ್ಕಡಿಗೆ ಹಾಕಲಾಗದ ನಾಣ್ಯಗಳಾದರೆ? ತೂಕಕ್ಕೂ ಎಣಿಕೆಗೂ ನಡುವೆ ಆಗ ಒಂದು ಸೇತುವೆ ಬೇಕು. ಆ ಸೇತುವೆಯೇ ಮೋಲ್.

ಇಂದಿನ ವ್ಯಾಖ್ಯೆ ಸರಳವಾಗಿದೆ. ಯಾವುದೇ ನಿರ್ದಿಷ್ಟ ಘಟಕಗಳು 6.02214076 × 10²³ ಸಂಖ್ಯೆಯಲ್ಲಿದ್ದರೆ ಅದು ಒಂದು ಮೋಲ್. 602214076 ಎಂಬುದರ ಮುಂದೆ ಹದಿನೈದು ಸೊನ್ನೆಗಳನ್ನಿಟ್ಟರೆ ಈ ಸಂಖ್ಯೆ ಪೂರ್ಣವಾಗುತ್ತದೆ. ನಮ್ಮ ಎಣಿಕೆಯ ರೂಢಿಯಲ್ಲಿ ಸುಮಾರು 602 ಕೋಟಿ ಕೋಟಿ ಕೋಟಿ. ಘಟಕವೆಂಬುದು ಪರಮಾಣುವಾಗಬಹುದು, ಅಣುವಾಗಬಹುದು, ಅಯಾನು, ಇಲೆಕ್ಟ್ರಾನು ಅಥವಾ ಇಂಥದ್ದೆಂದು ಹೆಸರಿಸಿದ ಕಣಗಳ ಗುಂಪೂ ಆಗಬಹುದು. ಯಾವುದೆಂದು ಹೇಳಲೇಬೇಕು ಎಂಬುದು ವ್ಯಾಖ್ಯೆಯ ಅವಿಭಾಜ್ಯ ಷರತ್ತು. ಈ ಷರತ್ತಿನ ಹಿಂದೆ ದೊಡ್ಡ ಕಥೆಯಿದೆ.

ಜಾನ್ ಡಾಲ್ಟನ್ 1808ರಲ್ಲಿ ತನ್ನ ಪರಮಾಣುವಾದವನ್ನು ಗ್ರಂಥರೂಪದಲ್ಲಿ ಮಂಡಿಸಿದಾಗ ನೀರನ್ನು ಒಂದು ಜಲಜನಕ, ಒಂದು ಆಮ್ಲಜನಕ ಪರಮಾಣುಗಳ ಜೋಡಿಯೆಂದು ಭಾವಿಸಿದ್ದ. ಅದೇ ಕಾಲಕ್ಕೆ ಗೇ-ಲುಸಾಕ್ ಅನಿಲಗಳ ಗಾತ್ರವನ್ನು ಅಳೆದು, ಎರಡು ಪಾಲು ಜಲಜನಕ ಒಂದು ಪಾಲು ಆಮ್ಲಜನಕದೊಡನೆ ಸೇರಿ ಎರಡು ಪಾಲು ನೀರಾವಿಯಾಗುವುದನ್ನು ತೋರಿಸಿದ. ಟ್ಯೂರಿನ್ನಿನ ಅಮೆಡಿಯೊ ಅವೊಗ್ಯಾಡ್ರೊ, ಮೊದಲು ಕಾನೂನು ಓದಿ ಆಮೇಲೆ ಭೌತವಿಜ್ಞಾನಕ್ಕೆ ಬಂದವನು, 1811ರಲ್ಲಿ ಇದಕ್ಕೆ ಅರ್ಥ ಹಚ್ಚಿದ. ಒಂದೇ ಉಷ್ಣತೆ, ಒಂದೇ ಒತ್ತಡದಲ್ಲಿ ಸಮಗಾತ್ರದ ಅನಿಲಗಳಲ್ಲಿ ಕಣಗಳ ಸಂಖ್ಯೆ ಸಮವಾಗಿರುತ್ತದೆ ಎಂಬುದು ಅವನ ಊಹೆ. ಹಾಗಿದ್ದರೆ ಆಮ್ಲಜನಕದ ಒಂದು ಕಣದಿಂದ ನೀರಿನ ಎರಡು ಕಣಗಳು ಹುಟ್ಟಿದಂತಾಯಿತು. ನೀರಿನ ಪ್ರತಿಯೊಂದು ಕಣದಲ್ಲೂ ಆಮ್ಲಜನಕವಿರಲೇಬೇಕು. ಆದ್ದರಿಂದ ಆಮ್ಲಜನಕದ ಕಣ ಎರಡಾಗಿ ಒಡೆದಿರಲೇಬೇಕು. ಒಡೆಯುವ ಕಣ ಅಣು, ಒಡೆದು ಬಂದ ತುಂಡು ಪರಮಾಣು. ಇಷ್ಟು ಸರಳವಾದ ತರ್ಕವನ್ನು ಡಾಲ್ಟನ್ ಒಪ್ಪಲಿಲ್ಲ, ಬರ್ಜೀಲಿಯಸ್ಸನೂ ಒಪ್ಪಲಿಲ್ಲ. ಒಂದೇ ಜಾತಿಯ ಎರಡು ಪರಮಾಣುಗಳು ಪರಸ್ಪರ ಕೂಡಲಾರವು ಎಂಬುದು ಅವರ ನಂಬಿಕೆಯಾಗಿತ್ತು.

ಅವೊಗ್ಯಾಡ್ರೊನ ಪ್ರಬಂಧ ಮೂಲೆಗೆ ಬೀಳಲು ಅವನ ಪರಿಭಾಷೆಯೂ ಸ್ವಲ್ಪಮಟ್ಟಿಗೆ ಕಾರಣವಾಗಿರಬೇಕು. ಫ್ರೆಂಚಿನಲ್ಲಿ ಬರೆದ ಅವನು ಡಾಲ್ಟನ್ನನ ಪದವನ್ನು ಬಿಟ್ಟು ಎಲ್ಲ ಕಣಗಳಿಗೂ 'ಮಾಲಿಕ್ಯೂಲ್' ಎಂಬ ಒಂದೇ ಹೆಸರನ್ನಿಟ್ಟು, ವಿಶೇಷಣಗಳಿಂದ ಭೇದ ತೋರಿಸಿದ. ವಿಶೇಷಣ ಕಣ್ಣುತಪ್ಪಿದರೆ ಅರ್ಥ ತಲೆಕೆಳಗಾಗುತ್ತದೆ. 1860ರ ಸೆಪ್ಟೆಂಬರಿನಲ್ಲಿ ಜರ್ಮನಿಯ ಕಾರ್ಲ್‌ಸ್ರೂಯೆ ನಗರದಲ್ಲಿ ಯೂರೋಪಿನ ರಸಾಯನವಿಜ್ಞಾನಿಗಳು ಕೂಡಿದಾಗ ಅವರ ಮುಂದಿದ್ದ ಮೊದಲ ಪ್ರಶ್ನೆ ಹೊಸ ವಸ್ತುವಿನದಲ್ಲ, ಹೊಸ ಉಪಕರಣದ್ದೂ ಅಲ್ಲ. ಅಣು, ಪರಮಾಣು ಎಂಬ ಪದಗಳಲ್ಲಿ ಭೇದ ಮಾಡಬೇಕೆ ಎಂಬುದಾಗಿತ್ತು. ಭಾಷಾಶಾಸ್ತ್ರಜ್ಞರ ಸಭೆಯೆಂದು ಭ್ರಮಿಸುವಂಥ ಪ್ರಶ್ನೆ! ಸಭೆ ಯಾವ ನಿರ್ಣಯವನ್ನೂ ಕೈಗೊಳ್ಳದೆ ಮುಗಿಯಿತು. ಆದರೆ ಕ್ಯಾನಿಜಾರೊ 1858ರಲ್ಲಿ ಬರೆದಿದ್ದ ಕಿರುಹೊತ್ತಗೆಯ ಪ್ರತಿಗಳನ್ನು ಅಲ್ಲಿ ಹಂಚಲಾಯಿತು. ಅವೊಗ್ಯಾಡ್ರೊನ ಊಹೆಯಿಂದ ಪರಮಾಣುತೂಕಗಳನ್ನು ಹೇಗೆ ಹೊಂದಿಸಬಹುದೆಂದು ಅದರಲ್ಲಿ ವಿವರಿಸಿತ್ತು. ಸಭೆಗೆ ಬಂದಿದ್ದ ತರುಣ ಮೆಂಡಲೀಫ್ 1869ರಲ್ಲಿ ಆವರ್ತಕೋಷ್ಟಕವನ್ನು ರಚಿಸಿದ್ದು ಹೀಗೆ ಹೊಂದಿದ ತೂಕಗಳ ಮೇಲೆ. ಅವೊಗ್ಯಾಡ್ರೊ ಮಾತ್ರ 1856ರಲ್ಲೇ ತೀರಿಕೊಂಡಿದ್ದ. ಇಂದು ಅವನ ಹೆಸರಿನಲ್ಲಿರುವ ಸಂಖ್ಯೆಯನ್ನು ಅವನು ಎಂದೂ ಲೆಕ್ಕಹಾಕಿರಲಿಲ್ಲ.

ಮೋಲ್ ಎಂಬ ಪದವನ್ನು 1890ರ ದಶಕದಲ್ಲಿ ಬಳಕೆಗೆ ತಂದವನು ವಿಲ್‌ಹೆಲ್ಮ್ ಓಸ್ಟ್ವಾಲ್ಡ್. ಪರಮಾಣುಗಳ ಅಸ್ತಿತ್ವವನ್ನೇ ಅವನು ಆಗ ನಂಬುತ್ತಿರಲಿಲ್ಲ! ಅವನಿಗೆ ಮೋಲ್ ಎಂದರೆ ಗ್ರಾಂಗಳಲ್ಲಿ ಹೇಳಿದ ಅಣುತೂಕ, ಅಷ್ಟೆ. ಪದದ ಬೇರು ಲ್ಯಾಟಿನ್ನಿನ 'ಮೋಲೆಸ್'. ಅರ್ಥ ರಾಶಿ, ಗುಡ್ಡೆ. 'ಮಾಲಿಕ್ಯೂಲ್' ಎಂದರೆ ಪುಟ್ಟ ರಾಶಿ. ಕನ್ನಡದ ಓದುಗನಿಗೆ ಇಲ್ಲಿ ಇನ್ನೊಂದು ಸ್ವಾರಸ್ಯವಿದೆ. ವಸ್ತುವಿನ ಜಡತ್ವವನ್ನು ಸೂಚಿಸುವ ಭೌತಿಕ ಪರಿಮಾಣಕ್ಕೆ ಕನ್ನಡದಲ್ಲಿ ದ್ರವ್ಯರಾಶಿ ಎಂಬ ಪದ ನೆಲೆಯೂರಿದೆ. ಕಿಲೋಗ್ರಾಂ ಅದರ ಮಾನ. ನ್ಯೂಟನ್ 1687ರಲ್ಲಿ ಇದನ್ನೇ 'ದ್ರವ್ಯದ ಪರಿಮಾಣ' ಎಂದು ಕರೆದಿದ್ದ. ಹೀಗೆ 'ರಾಶಿ' ಎಂಬ ಒಳ್ಳೆಯ ಪದ ತೂಕದ ಪಾಲಿಗೆ ಹೋಯಿತು; ನಿಜಕ್ಕೂ ರಾಶಿಯ ಎಣಿಕೆಯಾದ ಮೋಲಿನ ಪರಿಮಾಣಕ್ಕೆ ಹೆಸರೇ ಉಳಿಯಲಿಲ್ಲ. 'ವಸ್ತುವಿನ ಪ್ರಮಾಣ' ಎಂದರೆ ಪ್ರಮಾಣ ಎಂಬುದಕ್ಕೆ ಆಣೆ, ಪುರಾವೆ, ಅನುಪಾತ ಎಂಬ ಅರ್ಥಗಳು ಮೊದಲೇ ಇವೆ. ಕೂಡಿಸಿ ಎಣಿಸಿದಾಗ ಬರುವುದು ಮೊತ್ತವಾದ್ದರಿಂದ 'ದ್ರವ್ಯಮೊತ್ತ' ಎಂಬುದು ಹೆಚ್ಚು ಯುಕ್ತವೆಂದು ತೋರುತ್ತದೆ.

ಸಂಖ್ಯೆಯ ಅಂದಾಜು ಓಸ್ಟ್ವಾಲ್ಡನಿಗಿಂತ ಮೊದಲೇ ಆರಂಭವಾಗಿತ್ತು. ವಿಯೆನ್ನಾದ ಲೋಶ್ಮಿಟ್ 1865ರಲ್ಲಿ ಗಾಳಿಯ ಅಣುವಿನ ವ್ಯಾಸ ಮಿಲಿಮೀಟರಿನ ಹತ್ತು ಲಕ್ಷದಲ್ಲೊಂದು ಪಾಲೆಂದು ಲೆಕ್ಕಹಾಕಿದ. ಮೊದಲ ಯತ್ನಕ್ಕೆ ಅದು ಕಡಿಮೆ ಸಾಧನೆಯಲ್ಲ. ಸಂಶಯಗಳನ್ನು ಪೂರ್ತಿ ಕಳೆದವನು ಫ್ರಾನ್ಸಿನ ಜಾಂ ಪೆರಾಂ. ಕರಾವಳಿಯವರು ಬಲ್ಲ ಮುರುಗಲಿನ ಕುಲಕ್ಕೆ ಸೇರಿದ ಮರವೊಂದರ ಹಳದಿ ಅಂಟಿನಿಂದ ಅವನು ಅತಿ ಸೂಕ್ಷ್ಮವಾದ, ಒಂದೇ ಗಾತ್ರದ ಗೋಲಿಗಳನ್ನು ಸಿದ್ಧಪಡಿಸಿ ನೀರಿನಲ್ಲಿ ತೇಲಿಸಿದ. ಬೆಟ್ಟ ಹತ್ತಿದಂತೆ ಗಾಳಿ ವಿರಳವಾಗುವ ಹಾಗೆ, ಮಿಲಿಮೀಟರಿನ ಹತ್ತನೆಯ ಒಂದು ಪಾಲಿನಷ್ಟು ಎತ್ತರದ ನೀರಿನಲ್ಲಿ ಆ ಗೋಲಿಗಳು ಮೇಲೆ ಹೋದಂತೆ ವಿರಳವಾಗುವುದನ್ನು ಸೂಕ್ಷ್ಮದರ್ಶಕದಲ್ಲಿ ಎಣಿಸಿದ. ಕಾಣುವ ಕಣಗಳ ಎಣಿಕೆಯಿಂದ ಕಾಣದ ಅಣುಗಳ ಎಣಿಕೆ ಹೊರಬಂತು. ಆ ಸಂಖ್ಯೆಗೆ ಅವೊಗ್ಯಾಡ್ರೊನ ಹೆಸರನ್ನು 1909ರಲ್ಲಿ ಸೂಚಿಸಿದವನೂ ಪೆರಾಂನೇ. ಓಸ್ಟ್ವಾಲ್ಡ್ ತನ್ನ ನಿಲುವನ್ನು ಬದಲಿಸಿದ್ದೂ ಆ ಹೊತ್ತಿಗೆ. ಪೆರಾಂಗೆ 1926ರ ನೊಬೆಲ್ ಬಹುಮಾನ ಬಂತು.

ಆಮೇಲಿನ ಕಥೆ ಒಪ್ಪಂದಗಳದು. ಬಹುಕಾಲ ಆಮ್ಲಜನಕ 16 ಎಂಬುದು ಅಳತೆಗೋಲಾಗಿತ್ತು. ಆದರೆ ರಸಾಯನವಿಜ್ಞಾನಿಗಳ ಆಮ್ಲಜನಕ ನಿಸರ್ಗದಲ್ಲಿ ಸಿಗುವ ಸಮಸ್ಥಾನಿಗಳ ಮಿಶ್ರಣ, ಭೌತವಿಜ್ಞಾನಿಗಳದು ಶುದ್ಧ ಆಮ್ಲಜನಕ-16. ಎರಡು ಅಂಗಡಿಗಳ ಎರಡು ಸೇರಿನಂಥ ಈ ಭೇದ 1960–61ರಲ್ಲಿ ಇಂಗಾಲ-12 ಮಾನಕವಾದಾಗ ನಿವಾರಣೆಯಾಯಿತು. 1971ರಲ್ಲಿ ಮೋಲ್ ಅಂತರರಾಷ್ಟ್ರೀಯ ಮಾನವ್ಯವಸ್ಥೆಯ ಏಳನೆಯ ಮೂಲಮಾನವಾಯಿತು: 12 ಗ್ರಾಂ ಇಂಗಾಲ-12ರಲ್ಲಿ ಎಷ್ಟು ಪರಮಾಣುಗಳಿವೆಯೋ ಅಷ್ಟು ಘಟಕಗಳು. ಎಷ್ಟೆಂದು ಅದು ಹೇಳಲಿಲ್ಲ. ಇನ್ನೊಂದು ದೌರ್ಬಲ್ಯವೂ ಇತ್ತು. ಗ್ರಾಂ ಎಂಬುದು ಪ್ಯಾರಿಸ್ಸಿನ ಬಳಿಯ ಸೆವ್ರ್‌ನಲ್ಲಿ 1889ರಿಂದ ಮಾನಕವಾಗಿದ್ದ ಪ್ಲಾಟಿನಂ-ಇರಿಡಿಯಂ ಉರುಳೆಯನ್ನು ಅವಲಂಬಿಸಿತ್ತು. ಅದರ ಪ್ರತಿಗಳಲ್ಲಿ 57ನೆಯ ಸಂಖ್ಯೆಯದು ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದಲ್ಲಿದೆ. ಸುಮಾರು ನೂರು ವರ್ಷಗಳಲ್ಲಿ ಮೂಲಕ್ಕೂ ಪ್ರತಿಗಳಿಗೂ 50 ಮೈಕ್ರೋಗ್ರಾಂನಷ್ಟು ಅಂತರ ಕಂಡುಬಂತು. ಉರುಳೆ ಸವೆದರೆ ಜಗತ್ತಿನ ಎಲ್ಲ ಮೋಲ್‌ಗಳ ಎಣಿಕೆಯೂ ಬದಲಾಗಬೇಕು ಎಂಬ ವಿಪರೀತ ಇಲ್ಲಿ ಅಡಗಿತ್ತು.

ಪರಿಹಾರಕ್ಕಾಗಿ ನಡೆದ ಎಣಿಕೆ ಮನುಷ್ಯ ಮಾಡಿದ ಎಣಿಕೆಗಳಲ್ಲೇ ಅಸಾಧಾರಣವಾದದ್ದು. ಸಿಲಿಕಾನ್ ಹರಳಿನಲ್ಲಿ ಪರಮಾಣುಗಳು ತಪ್ಪದ ಸಾಲುಗಳಲ್ಲಿ ನಿಂತಿರುತ್ತವೆ. ಪ್ರತಿಯೊಂದು ಘನಾಕಾರದ ಕೋಶಕ್ಕೆ ಎಂಟು ಪರಮಾಣು. ಕೋಶದ ಬದಿಯ ಅಳತೆಯನ್ನು ಕ್ಷ-ಕಿರಣಗಳಿಂದ ತಿಳಿದು, ಇಡೀ ಹರಳಿನ ಗಾತ್ರವನ್ನು ಕೋಶದ ಗಾತ್ರದಿಂದ ಭಾಗಿಸಿ, ಎಂಟರಿಂದ ಗುಣಿಸಿದರೆ ಪರಮಾಣುಗಳ ಸಂಖ್ಯೆ ಸಿಗುತ್ತದೆ. ಲೆಕ್ಕ ಪ್ರಾಥಮಿಕ ಶಾಲೆಯದು, ಕಷ್ಟವಿರುವುದು ಅಳತೆಯಲ್ಲಿ. ನಿಸರ್ಗದ ಸಿಲಿಕಾನಿನಲ್ಲಿ ಮೂರು ಸಮಸ್ಥಾನಿಗಳು ಬೆರೆತಿರುವುದರಿಂದ ಸರಾಸರಿ ತೂಕ ನಿಖರವಾಗದು. ಅದಕ್ಕಾಗಿ ರಷ್ಯದಲ್ಲಿ ಸಿಲಿಕಾನ್-28ನ್ನು ಬೇರ್ಪಡಿಸಿ, ಜರ್ಮನಿಯಲ್ಲಿ ಹರಳು ಬೆಳೆಸಿ, ಆಸ್ಟ್ರೇಲಿಯದಲ್ಲಿ ಉಜ್ಜಿ ನಯಗೊಳಿಸಿ ಒಂದೊಂದು ಕಿಲೋಗ್ರಾಂ ತೂಗುವ ಎರಡು ಗೋಳಗಳನ್ನು ಮಾಡಲಾಯಿತು. ವ್ಯಾಸ 94 ಮಿಲಿಮೀಟರಿಗೆ ತುಸು ಕಡಿಮೆ. ಆ ಗೋಳವನ್ನು ಭೂಮಿಯಷ್ಟು ಹಿಗ್ಗಿಸಿದರೂ ಅದರ ಮೇಲಿನ ಏರಿಳಿತ ಕೆಲವೇ ಮೀಟರುಗಳಷ್ಟಾದೀತು. 2011ರಲ್ಲಿ ಪ್ರಕಟವಾದ ಫಲಿತಾಂಶ 6.02214078 × 10²³. ಕೊನೆಯ ಅಂಕೆಗಳಲ್ಲಿ ಮಾತ್ರ ಅನಿಶ್ಚಿತತೆ. ಪ್ಲಾಂಕ್ ಸ್ಥಿರಾಂಕವನ್ನು ಅಳೆಯುವ ವಿದ್ಯುತ್ ತಕ್ಕಡಿಯ ಪ್ರಯೋಗಗಳೂ ಮುಂದೆ ಇದರೊಡನೆ ತಾಳೆಯಾದವು. ಒಂದಕ್ಕೊಂದು ಸಂಬಂಧವಿಲ್ಲದ ಎರಡು ದಾರಿಗಳು ಒಂದೇ ಊರನ್ನು ಮುಟ್ಟಿದಂತೆ.

2018ರ ನವೆಂಬರ್ 16ರಂದು ವರ್ಸೇಲ್ಸ್‌ನಲ್ಲಿ ಸೇರಿದ ತೂಕ ಮತ್ತು ಅಳತೆಗಳ ಮಹಾಸಮ್ಮೇಳನ ಈ ಎಣಿಕೆಯನ್ನು ಸ್ಥಿರಗೊಳಿಸಿತು. 2019ರ ಮೇ 20ರಿಂದ ಅದು ಜಾರಿಗೆ ಬಂದಿದೆ. ಅದೇ ದಿನ ಕಿಲೋಗ್ರಾಂ ಪ್ಲಾಂಕ್ ಸ್ಥಿರಾಂಕಕ್ಕೂ, ಆಂಪಿಯರ್ ಇಲೆಕ್ಟ್ರಾನಿನ ಆವೇಶಕ್ಕೂ, ಕೆಲ್ವಿನ್ ಬೋಲ್ಟ್ಸ್‌ಮನ್ ಸ್ಥಿರಾಂಕಕ್ಕೂ ಬದ್ಧವಾದವು. ಅವೊಗ್ಯಾಡ್ರೊ ಸ್ಥಿರಾಂಕವನ್ನು ಇನ್ನು ಯಾರೂ ಅಳೆಯುವುದಿಲ್ಲ. ಅದು ಅಳತೆಯ ಫಲವಲ್ಲ, ಅಳತೆಯ ಆಧಾರ. ಹಿಂದೆ ಒಂದು ಮೋಲ್ ಇಂಗಾಲ-12ರ ತೂಕ 12 ಗ್ರಾಂ ಎಂಬುದು ನಿಶ್ಚಿತ, ಸಂಖ್ಯೆ ಅನಿಶ್ಚಿತ. ಈಗ ಸಂಖ್ಯೆ ನಿಶ್ಚಿತ, 12 ಗ್ರಾಂ ಎಂಬುದೇ ಪ್ರಯೋಗದಿಂದ ತಿಳಿಯಬೇಕಾದ ಸಂಗತಿ. ವ್ಯತ್ಯಾಸ ಸುಮಾರು ನೂರು ಕೋಟಿಯಲ್ಲಿ ಒಂದು ಪಾಲಿನಷ್ಟು ಮಾತ್ರವಾದ್ದರಿಂದ ಪ್ರಯೋಗಶಾಲೆಯ ಲೆಕ್ಕಗಳಿಗೆ ಬಾಧಕವಿಲ್ಲ. ಮೋಲ್ ಬರಿಯ ಸಂಖ್ಯೆಯಾದರೆ ಡಜನ್ನಿನಂತೆ ಅದನ್ನು ಮೂಲಮಾನವೆಂದು ಏಕೆ ಕರೆಯಬೇಕು ಎಂಬ ವಾದ ಇನ್ನೂ ಇದೆ; ವಾದದಲ್ಲಿ ಹುರುಳಿಲ್ಲದೆ ಇಲ್ಲ.

ಮಗ ಇಂಗ್ಲೆಂಡಿನಲ್ಲಿರುವ ಮನೆಯ ಹಿರಿಯರು ಅಲ್ಲಿ ರಕ್ತದ ಸಕ್ಕರೆ ಪರೀಕ್ಷಿಸಿಕೊಂಡರೆ ವರದಿಯಲ್ಲಿ 5.5 ಎಂದಿರುವುದನ್ನು ಕಂಡು ಗಾಬರಿಯಾಗುವುದುಂಟು. ಅದು ಲೀಟರಿಗೆ ಮಿಲಿಮೋಲ್ ಲೆಕ್ಕ, ಅಂದರೆ ಅಣುಗಳ ಎಣಿಕೆ. ಊರಿನ ವರದಿಯ 100 ಎಂಬುದು ಡೆಸಿಲೀಟರಿಗೆ ಮಿಲಿಗ್ರಾಂ, ಅಂದರೆ ತೂಕ. ಗ್ಲೂಕೋಸಿನ ಒಂದು ಮೋಲ್ 180 ಗ್ರಾಂ ತೂಗುವುದರಿಂದ ಮೊದಲನೆಯದನ್ನು 18ರಿಂದ ಗುಣಿಸಿದರೆ ಎರಡನೆಯದಕ್ಕೆ ಸರಿಹೋಗುತ್ತದೆ.

ಮತ್ತೆ ಪದಗಳಿಗೆ ಬಂದರೆ, ಹೊರನಾಡ ಕನ್ನಡಿಗ ಯಾವ ಊರಿನಲ್ಲಿದ್ದಾನೆ ಎಂಬುದರ ಮೇಲೆ ಅವನ ಮಕ್ಕಳ ಅಣು ಬದಲಾಗುತ್ತದೆ. ಹೈದರಾಬಾದಿನ ತೆಲುಗು, ದೆಹಲಿಯ ಹಿಂದಿ ಪಠ್ಯಗಳು ಕನ್ನಡದಂತೆಯೇ ಪರಮಾಣು, ಅಣು ಎನ್ನುತ್ತವೆ. ಪುಣೆಯಲ್ಲಿ ಅವು ಅಣು, ರೇಣು. ಚೆನ್ನೈಯ ತಮಿಳಿನಲ್ಲಿ ಅಣು ಎಂದರೆ ಪರಮಾಣುವೇ; ಕೂಡಿದ ಕಣಕ್ಕೆ ಮೂಲಕ್ಕೂರು ಎಂಬ ಪದವಿದೆ. ಮಲಯಾಳದಲ್ಲಿ ಅದು ತನ್ಮಾತ್ರ. ಇವುಗಳಲ್ಲಿ ಯಾವುದು ಶಾಸ್ತ್ರಸಮ್ಮತವೆಂದು ಪ್ರಾಚೀನ ದರ್ಶನಗಳನ್ನು ಕೇಳಿದರೆ ಉತ್ತರ ಒಂದೇ ಆಗುವುದಿಲ್ಲ. ವೈಶೇಷಿಕರಲ್ಲಿ ಎರಡು ಪರಮಾಣು ಸೇರಿದರೆ ದ್ವ್ಯಣುಕ. ಜೈನ ದರ್ಶನದಲ್ಲಿ, ಉಮಾಸ್ವಾತಿಯ ತತ್ತ್ವಾರ್ಥಸೂತ್ರದ ವಿಭಾಗದಂತೆ, ಪುದ್ಗಲಕ್ಕೆ ಅಣು, ಸ್ಕಂಧ ಎಂಬ ಎರಡು ಭೇದ. ಅಲ್ಲಿ ಅಣುವೇ ಬಿಡಿ ಕಣ, ಸ್ಕಂಧವೇ ಕೂಟ. ಹಳಗನ್ನಡ ಸಾಹಿತ್ಯದ ಬಹುಭಾಗ ಜೈನಕವಿಗಳದ್ದಾಗಿದ್ದೂ ಆಧುನಿಕ ಪರಿಭಾಷೆ ಈ ಜೋಡಿಯನ್ನು ಬಿಟ್ಟುಕೊಟ್ಟಿತು. ಸ್ಕಂಧ ಉಳಿದಿದ್ದರೆ ಅಣುಬಾಂಬೂ ಪಠ್ಯಪುಸ್ತಕವೂ ಒಂದೇ ಭಾಷೆಯನ್ನಾಡುತ್ತಿದ್ದವು. ದರ್ಶನಗಳ ಅಣುವೇ ರಸಾಯನದ ಪರಮಾಣುವೆಂದು ಇದರ ಅರ್ಥವಲ್ಲ; ಎರವಲು ಬಂದದ್ದು ಪದ ಮಾತ್ರ.

ಅಡುಗೆಯ ಉಪ್ಪಿನಲ್ಲಾದರೋ ಬಿಡಿ ಅಣುವೆಂಬುದೇ ಇಲ್ಲ. ಸೋಡಿಯಂ, ಕ್ಲೋರಿನ್ ಅಯಾನುಗಳು ಹರಳಿನುದ್ದಕ್ಕೂ ಹೆಣೆದುಕೊಂಡಿರುತ್ತವೆ, 58.44 ಗ್ರಾಂ ಉಪ್ಪಿನಲ್ಲಿ ಒಂದು ಮೋಲ್ ಇರುವುದು ಅವುಗಳ ಜೋಡಿ. ಇಂಥ ಕಡೆ ಪರಮಾಣು, ಅಣು ಎರಡೂ ಸಾಲದೆ ಘಟಕ ಎಂಬ ಮೂರನೆಯ ಪದ ಬೇಕಾಗುತ್ತದೆ. ಪ್ರಶ್ನಪತ್ರಿಕೆಯಲ್ಲಿ 'ಒಂದು ಮೋಲ್ ಆಮ್ಲಜನಕದ ತೂಕವೆಷ್ಟು?' ಎಂದು ಕೇಳಿದರೆ 16 ಎಂದವನೂ 32 ಎಂದವನೂ, ಓಜೋನನ್ನು ನೆನೆದು 48 ಎಂದವನೂ ಅಂಕಕ್ಕೆ ಅರ್ಹರೇ; ಪ್ರಶ್ನೆಯಲ್ಲಿ ಕಣದ ಹೆಸರೊಂದು ಕಡಿಮೆಯಾಗಿದೆ.