ಸಿದ್ದಿ ಸ್ತ್ರೀಯೂ ಸ್ವತಂತ್ರ ಚಲಚ್ಚಿತ್ರವೂ

ಆದವಾನಿಯ ಜಾಮಿಯಾ ಮಸೀದಿಯನ್ನು ಕಟ್ಟಿಸಿದವನು ಸಿದ್ದಿ ಮಸೂದ್ ಖಾನನೆಂಬುದು ಈ ಸೀಮೆಯ ಉಪಾಧ್ಯಾಯರಿಗೆ ಹೊಸ ಸಂಗತಿಯಲ್ಲ. ಬಿಜಾಪುರದ ದರಬಾರಿನಲ್ಲಿ ಮೇಲೇರಿ, ಆ ಬಳಿಕ ಇಲ್ಲಿಯ ಕೋಟೆಯಲ್ಲಿ ನೆಲೆನಿಂತು, 1688ರಲ್ಲಿ ಔರಂಗಜೇಬನ ಸೈನ್ಯಕ್ಕೆ ದುರ್ಗವನ್ನೊಪ್ಪಿಸಿದ ಈ ಸರದಾರನು ಹಬ್ಶಿ, ಎಂದರೆ ಆಫ್ರಿಕಾ ಮೂಲದವನು. ಅವನ ಹೆಸರು ಕಲ್ಲಿನಲ್ಲಿ ನಿಂತಿತು. ಆ ಮೂಲದ ಹೆಂಗಸರ ಬಾಳನ್ನು ಬರೆದಿಟ್ಟವರು ಯಾರು?

ಈ ಬರಿದಾದ ಪುಟವನ್ನು ತುಂಬಲು ಚಲಚ್ಚಿತ್ರವೂ ಒಂದು ಸಾಧನವಾಗಬಲ್ಲದೆಂಬುದಕ್ಕೆ ಅಮೆರಿಕದ ನಿದರ್ಶನವುಂಟು. ದೊಡ್ಡ ಕಂಪನಿಗಳ ಹಂಗಿಲ್ಲದೆ ಜೂಲಿ ಡ್ಯಾಶ್ ಎಂಬಾಕೆ 1991ರಲ್ಲಿ ‘ಡಾಟರ್ಸ್ ಆಫ್ ದಿ ಡಸ್ಟ್’ ಎಂಬ ಚಿತ್ರವನ್ನು ಹೊರತಂದಳು. ಆಫ್ರಿಕನ್-ಅಮೆರಿಕನ್ ಮಹಿಳೆಯೊಬ್ಬಳು ನಿರ್ದೇಶಿಸಿ, ಆ ದೇಶದ ಚಿತ್ರಮಂದಿರಗಳಲ್ಲಿ ಸಾರ್ವತ್ರಿಕವಾಗಿ ತೆರೆಕಂಡ ಮೊದಲ ಕಥಾಚಿತ್ರವದು. ಕಾಲ 1902. ಅಟ್ಲಾಂಟಿಕ್ ತೀರದ ದ್ವೀಪವನ್ನು ಬಿಟ್ಟು ಉತ್ತರಕ್ಕೆ ಹೊರಟ ಗುಲ್ಲಾ ಕುಟುಂಬವೊಂದರ ಕಥೆ. ಊರು ಬಿಡಲೊಲ್ಲದ ಮುದುಕಿಯ ಅಂಗೈಯಲ್ಲಿ ದಾಸ್ಯದ ಕಾಲದ ನೀಲಿಬಣ್ಣ ಇನ್ನೂ ಅಂಟಿಕೊಂಡಿದೆ. ಇನ್ನೂ ಹುಟ್ಟದ ಮಗು ಕಥೆ ಹೇಳುತ್ತದೆ. ಪಾತ್ರಗಳು ಆಡುವುದು ತಮ್ಮ ಗುಲ್ಲಾ ನುಡಿಯನ್ನೇ. ಹೊರಗಿನವರಿಗಾಗಿ ಅದನ್ನು ನಯಗೊಳಿಸಿಲ್ಲ. ಮಕ್ಕಳ ಗಡಿನಾಡ ಮಾತನ್ನು ತಿದ್ದಿ ತಿದ್ದಿ ಬೇಸತ್ತಿರುವ ನಮ್ಮ ಮೇಷ್ಟರುಗಳು ಇದನ್ನು ಗಮನಿಸಬೇಕು!

ನಮ್ಮಲ್ಲಿ? ಉತ್ತರ ಕನ್ನಡದ ಯಲ್ಲಾಪುರ, ಹಳಿಯಾಳ, ಅಂಕೋಲೆಯ ಕಾಡುಗಳಲ್ಲಿ ಸಿದ್ದಿಗಳಿದ್ದಾರೆ. ಇವರಲ್ಲಿ ಬಹುಪಾಲು ಜನ ಗೋವೆಯ ಪೋರ್ಚುಗೀಸರ ದಾಸ್ಯದಿಂದ ತಪ್ಪಿಸಿಕೊಂಡು ಬಂದವರ ಸಂತತಿಯೆಂದು ಹೇಳುತ್ತಾರೆ. 2003ರಲ್ಲಿ ಪರಿಶಿಷ್ಟ ಪಂಗಡದ ಮಾನ್ಯತೆ ದೊರೆಯಿತು. ಇವರ ನಡುವೆಯೇ ಚಿತ್ರಿತವಾದ ಜಯನ್ ಚೆರಿಯನ್ನರ ‘ರಿದಮ್ ಆಫ್ ದಮ್ಮಾಮ್’ 2024ರಲ್ಲಿ ಗೋವೆಯ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು. ಪೂರ್ವಜರ ದಾಸ್ಯದ ನೆನಪನ್ನು ಕೆದಕುವ ಸ್ತುತ್ಯ ಪ್ರಯತ್ನ. ಆದರೆ ನಿರ್ದೇಶಕರು ಹೊರಗಿನವರು, ಕಥೆಯ ನಡುವಿರುವವನು ಬಾಲಕ. 2021ರ ‘ಸಲಗ’ ಚಿತ್ರದಲ್ಲಿ ಗಿರಿಜಾ ಸಿದ್ದಿ, ಗೀತಾ ಸಿದ್ದಿಯವರ ಕಂಠವನ್ನು ನಾಡೆಲ್ಲ ಕೇಳಿ ಕುಣಿಯಿತು. ಹಾಡು ದೊರೆತಷ್ಟು ಸುಲಭವಾಗಿ ಕಥೆ ಹೇಳುವ ಅಧಿಕಾರ ದೊರೆಯುವುದಿಲ್ಲ.

ಸಿದ್ದಿ ಹೆಂಗಸೇ ಕ್ಯಾಮರಾ ಹಿಡಿದರೆ ಏನನ್ನು ತೋರಿಸಿಯಾಳು? ಅಚ್ಚಕನ್ನಡದಲ್ಲಿ ಮಾತನಾಡುತ್ತಿದ್ದರೂ ಬಸ್ಸಿನಲ್ಲಿ ‘ಯಾವ ದೇಶದವಳು’ ಎಂದು ಕೇಳುವವರನ್ನು ತೋರಿಸಬಹುದು. ಹಳೆಯ ಸೀರೆಯ ತುಂಡುಗಳನ್ನು ಕೂಡಿಸಿ ಕೌದಿ ಹೊಲಿಯುವ ಕೈಗಳನ್ನು ತೋರಿಸಬಹುದು. ಆ ಕೌದಿಯ ಮೂಲೆಗಳಿಗೆ ಬಣ್ಣದ ಬಟ್ಟೆಯ ‘ಫೂಲ’ಗಳನ್ನು ಹೊಲಿಯುವುದುಂಟು, ಅವಿಲ್ಲದ ಕೌದಿ ಬತ್ತಲೆಯೆಂದು ಅವರ ಅಭಿಪ್ರಾಯ.