ಬಾನ್ ನಗರದ ವಾರ್ತೆ, ಬೈಲಹೊಂಗಲದ ಅರಳೆ

ದೂರದೇಶದ ರಾಜಕಾರಣ ನಮಗೇತಕ್ಕೆ ಎಂಬ ಮಾತು ನಮ್ಮ ಕಡೆ ಇಂದಿಗೂ ಕೇಳಿಬರುತ್ತದೆ. ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗಗಳನ್ನೊಳಗೊಂಡ ನಮ್ಮ ಸೀಮೆಯ ಚರಿತ್ರೆಯೇ ಇದಕ್ಕೆ ಉತ್ತರ ಕೊಡುತ್ತದೆ. 1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಆರಂಭವಾಗಿ, ಇಂಗ್ಲೆಂಡಿನ ಲ್ಯಾಂಕಾಷೈರಿನ ಗಿರಣಿಗಳಿಗೆ ಅಲ್ಲಿಯ ಅರಳೆ ಬಾರದಾಯಿತು. ಆಗ ಬೆಳಗಾವಿ-ಧಾರವಾಡಗಳ ಎರೆಹೊಲದ ಹತ್ತಿಗೆ ಹಿಂದೆಂದೂ ಕಾಣದ ಬೆಲೆ ಬಂದಿತು; ಅದು ಘಟ್ಟವಿಳಿದು ಕುಮಟಾ ಬಂದರನ್ನು ಸೇರಿತು. 1865ರಲ್ಲಿ ಯುದ್ಧ ಮುಗಿಯಿತು, ಬೆಲೆಯೂ ಕುಸಿಯಿತು. ಏರಿದುದೇಕೆ, ಇಳಿದುದೇಕೆ ಎಂಬುದನ್ನು ಒಕ್ಕಲಿಗನಿಗೆ ಅವನ ನುಡಿಯಲ್ಲಿ ತಿಳಿಸಿ ಹೇಳುವವರು ಎಷ್ಟು ಜನರಿದ್ದರು?

ಹಾಗೆ ತಿಳಿಸಿ ಹೇಳುವುದೇ ವಿದೇಶ ವರದಿಗಾರನ ಕಾಯಕ. ಕರ್ನಾಟಕದಲ್ಲಿ ಹುಟ್ಟಿ ಈ ಕಾಯಕವನ್ನು ಕೈಕೊಂಡವರಲ್ಲಿ ಎಂ. ವಿ. ಕಾಮತರು ಪ್ರಮುಖರು. 1921ರಲ್ಲಿ ಉಡುಪಿಯಲ್ಲಿ ಜನಿಸಿದ ಅವರು ಓದಿದ್ದು ವಿಜ್ಞಾನ. ಮೊದಲು ದುಡಿದದ್ದು ರಸಾಯನತಜ್ಞರಾಗಿ. 1946ರಲ್ಲಿ ಮುಂಬಯಿಯ ‘ಫ್ರೀ ಪ್ರೆಸ್ ಜರ್ನಲ್’ ಪತ್ರಿಕೆಯನ್ನು ಸೇರಿ ವರದಿಗಾರಿಕೆಯನ್ನು ಕಲಿತರು. ಐವತ್ತರ ದಶಕದಲ್ಲಿ ಪಿ.ಟಿ.ಐ. ಸಂಸ್ಥೆಗಾಗಿ ವಿಶ್ವಸಂಸ್ಥೆಯಿಂದಲೂ, ಬಳಿಕ ‘ಟೈಮ್ಸ್ ಆಫ್ ಇಂಡಿಯಾ’ ಪತ್ರಿಕೆಗಾಗಿ ಅಂದಿನ ಪಶ್ಚಿಮ ಜರ್ಮನಿಯ ರಾಜಧಾನಿ ಬಾನ್‌ನಿಂದಲೂ ಪ್ಯಾರಿಸ್‌ನಿಂದಲೂ, 1969ರಿಂದ 1978ರವರೆಗೆ ವಾಷಿಂಗ್ಟನ್‌ನಿಂದಲೂ ಬರೆದರು.

ಅವರ ಕಾಲದ ಯೂರೋಪು ಹೊಸ ರೂಪ ತಾಳುತ್ತಿತ್ತು. 1957ರ ರೋಮ್ ಒಪ್ಪಂದದಿಂದ ಆರು ರಾಷ್ಟ್ರಗಳು ಒಂದೇ ಮಾರುಕಟ್ಟೆಗೆ ಅಡಿಪಾಯ ಹಾಕಿದವು. 1961ರಲ್ಲಿ ಬರ್ಲಿನ್ ನಗರದ ನಡುವೆ ಗೋಡೆ ಎದ್ದಿತು. 1963ರ ಜನವರಿಯಲ್ಲಿ ಫ್ರಾನ್ಸಿನ ಅಧ್ಯಕ್ಷ ದ ಗಾಲ್ ಅವರು ಬ್ರಿಟನ್ನಿಗೆ ಆ ಕೂಟದ ಬಾಗಿಲು ಮುಚ್ಚಿದರು. ಅದು ತೆರೆದದ್ದು 1973ರಲ್ಲಿ. 2020ರಲ್ಲಿ ಬ್ರಿಟನ್ ತಾನಾಗಿಯೇ ಹೊರನಡೆಯಿತು. ಇದು ಕೇವಲ ಅರಸುಮನೆಯ ಜಗಳವಲ್ಲ. ಬ್ರಿಟನ್ ಆ ಕೂಟವನ್ನು ಸೇರಿದರೆ ಭಾರತದ ಬಟ್ಟೆಗೆ ಅಲ್ಲಿದ್ದ ಸುಂಕದ ರಿಯಾಯಿತಿ ತಪ್ಪುವ ಭಯವಿತ್ತು. 1974ರಿಂದ 2004ರವರೆಗೆ ಶ್ರೀಮಂತ ರಾಷ್ಟ್ರಗಳು ನಮ್ಮಂತಹ ದೇಶಗಳ ಜವಳಿಗೆ ಮಿತಿಯನ್ನೇ ವಿಧಿಸಿದ್ದವು. ಗಿರಣಿಯ ಬಟ್ಟೆಗೆ ಗಿರಾಕಿ ತಗ್ಗಿದರೆ ಅದರ ಪೆಟ್ಟು ಕೊನೆಗೆ ಬೈಲಹೊಂಗಲದ ಹತ್ತಿ ಪೇಟೆಗೂ ತಾಗದಿರದು.

ಆದುದರಿಂದ ಮಂತ್ರಿಯ ಭಾಷಣವನ್ನು ಬರೆದು ಕಳಿಸಿದ ಮಾತ್ರಕ್ಕೆ ಒಬ್ಬನು ವಿದೇಶ ವರದಿಗಾರನೆನಿಸಲಾರ. ಆ ನಾಡಿನ ಭಾಷೆ, ಇತಿಹಾಸ, ಆಯವ್ಯಯಗಳನ್ನು ಅವನು ಬಲ್ಲವನಾಗಿರಬೇಕು. ಅಲ್ಲಿಯ ನಿರ್ಧಾರ ಇಲ್ಲಿಯ ಒಲೆಗೆ ಹೇಗೆ ತಾಗುತ್ತದೆಂಬುದನ್ನು ಕಾಣಬಲ್ಲವನಾಗಿರಬೇಕು.

ಕಾಮತರು ಆ ವರದಿಗಳನ್ನು ಬರೆದದ್ದು ಇಂಗ್ಲಿಷಿನಲ್ಲಿ. ಕನ್ನಡ ಪತ್ರಿಕೆಗಳು ಯೂರೋಪಿನ ವಾರ್ತೆಗಾಗಿ ಬಹುಮಟ್ಟಿಗೆ ಸುದ್ದಿಸಂಸ್ಥೆಗಳ ಬರಹಗಳನ್ನೇ ಅನುವಾದಿಸಿಕೊಳ್ಳುತ್ತ ಬಂದಿವೆ. ಪರರ ಕಣ್ಣಿನಿಂದ ಕಂಡದ್ದರಲ್ಲಿ ನಮ್ಮ ಹೊಲ ಕಾಣಿಸದು. ಈ ಕೊರತೆಯನ್ನು ತುಂಬುವವರು ನಮ್ಮ ಮನೆಗಳಿಂದಲೇ ಬರಬೇಕು.

ಕಾಮತರು ಮುಂದೆ ಮಣಿಪಾಲದಲ್ಲಿ ತರುಣರಿಗೆ ಪತ್ರಿಕಾವಿದ್ಯೆಯ ಮಾರ್ಗದರ್ಶನ ಮಾಡಿ, 2014ರಲ್ಲಿ ಕಾಲವಾದರು. ವೈದ್ಯ, ಎಂಜಿನಿಯರ್ ಎಂಬೆರಡೇ ದಾರಿಗಳನ್ನು ಮಕ್ಕಳಿಗೆ ತೋರಿಸುವ ತಂದೆತಾಯಿಗಳು ಈ ಮೂರನೆಯ ದಾರಿಯನ್ನೂ ತೋರಿಸಲಿ. ಸವದತ್ತಿಯ ಹುಡುಗನೋ ಕಿತ್ತೂರಿನ ಹುಡುಗಿಯೋ ಭೂಪಟವನ್ನು ಬಿಡಿಸಿಕೊಂಡು ಕುಳಿತರೆ, ಅದನ್ನು ಕಾಲಹರಣವೆಂದು ಗದರಿಸದಿರೋಣ.