ಒಲೆಯ ಹಿಂದೆ ತಾಮ್ರದ ಹೊದಿಕೆ

ಒಗ್ಗರಣೆಯ ಸದ್ದು ಕಿವಿಗೆ ಇಂಪು, ಅದರ ಪರಿಮಳ ಮೂಗಿಗೆ ಹಿತ. ಆದರೆ ಒಲೆಯ ಹಿಂದಣ ಗೋಡೆಯನ್ನು ಕೇಳಿದರೆ ಅದು ಬೇರೆಯೇ ಕಥೆಯನ್ನು ಹೇಳೀತು. ಎಣ್ಣೆಯ ಹನಿ, ಅರಿಸಿನದ ಕಲೆ, ಸಾರು ಉಕ್ಕಿದ ಗುರುತು ಇವೆಲ್ಲವನ್ನೂ ದಿನವೂ ಮೈಮೇಲೆ ಹೊರುವುದು ಆ ಗೋಡೆಯೇ. ಇದಕ್ಕಾಗಿ ಕೆಲವರು ಅಲ್ಲಿ ತಾಮ್ರದ ಬಿಲ್ಲೆಗಳನ್ನು ಹೊದಿಸುವುದುಂಟು. ನಾನೂ ಹೊದಿಸಿದೆ, ಒಮ್ಮೆ ಕೆಡಿಸಿ, ಎರಡನೆಯ ಸಲ ಸರಿಪಡಿಸಿದೆ. ಆ ಅನುಭವವನ್ನೇ ತಮ್ಮ ಮುಂದಿಡುತ್ತೇನೆ.

ತಾಮ್ರ ನಮಗೆ ಹೊಸದಲ್ಲ. ಬಚ್ಚಲ ಮನೆಯ ಹಂಡೆಯನ್ನು ಬಲ್ಲೆವು. 'ಚೆಂಬು' ಎಂಬ ಮಾತಿಗೆ ನೀರಿನ ಪಾತ್ರೆ ಎಂಬ ಅರ್ಥವಿರುವಂತೆ ತಾಮ್ರ ಎಂಬ ಅರ್ಥವೂ ಉಂಟು. ಕೆಂಪು ಬಣ್ಣದಿಂದ ಬಂದ ಹೆಸರದು. ಈ ಲೋಹ ಕರಗಬೇಕಾದರೆ ಸುಮಾರು 1085 ಡಿಗ್ರಿ ಸೆಲ್ಸಿಯಸ್ ಶಾಖ ಬೇಕು. ಆದ್ದರಿಂದ ಒಲೆಯ ಉರಿಗೆ ಅದು ಜಗ್ಗುವುದಿಲ್ಲ. ಆದರೆ ಶಾಖವನ್ನೂ ವಿದ್ಯುತ್ತನ್ನೂ ಚೆನ್ನಾಗಿ ಹರಿಯಗೊಡುತ್ತದೆ. ಈ ಗುಣವೇ ಎಚ್ಚರ ತಪ್ಪಿದರೆ ದೋಷವಾಗುತ್ತದೆ.

ಮೊದಲು ಗೋಡೆಯನ್ನು ನೋಡಿರಿ. ಅದು ಇಟ್ಟಿಗೆ-ಗಾರೆಯದಾಗಿರಲಿ, ಮರದ ಹಲಗೆಯ ಮೇಲೆ ಒಲೆಯ ಹಿಂದೆ ತಾಮ್ರ ಹೊದಿಸಬಾರದು, ಏಕೆಂದರೆ ತಾಮ್ರ ತಾನು ಉರಿಯದಿದ್ದರೂ ಹಿಂದಿನ ಮರಕ್ಕೆ ಶಾಖವನ್ನು ದಾಟಿಸುತ್ತದೆ. ಗೋಡೆಯಲ್ಲಿ ತೇವವಿರಕೂಡದು. ಹಳೆಯ ಸುಣ್ಣದ ಪದರವನ್ನು ಕೆರೆದು ತೆಗೆಯಿರಿ. ಇಲ್ಲವಾದರೆ ಅಂಟು ಹಿಡಿಯುವುದು ಸುಣ್ಣವನ್ನು, ಗೋಡೆಯನ್ನಲ್ಲ. ಸುಣ್ಣ ಉದುರಿದ ದಿನ ಬಿಲ್ಲೆಯೂ ಉದುರುತ್ತದೆ.

ಬಳಿಕ ಅಳತೆ. ನಾಲ್ಕು ಅಡಿ ಉದ್ದ, ಒಂದೂವರೆ ಅಡಿ ಎತ್ತರದ ಜಾಗವೆಂದರೆ ಆರು ಚದರ ಅಡಿ. ಅರ್ಧ ಮಿಲಿಮೀಟರು ದಪ್ಪದ ತಗಡು ಚದರಡಿಗೆ ಸುಮಾರು 415 ಗ್ರಾಂ ತೂಗುವುದರಿಂದ ಒಟ್ಟು ಎರಡೂವರೆ ಕಿಲೋಗ್ರಾಂ ಆಗುತ್ತದೆ. ಕತ್ತರಿಸುವಾಗ ಹಾಳಾಗುವುದಕ್ಕೆಂದು ಒಂದೆರಡು ಬಿಲ್ಲೆ ಹೆಚ್ಚು ಕೊಳ್ಳಿರಿ. ರಸಮಟ್ಟವಿಟ್ಟು ಗೋಡೆಯ ಮೇಲೆ ನೇರವಾದ ಗೆರೆ ಹಾಕಿ, ನಡುವಿನಿಂದ ಎರಡು ಕಡೆಗೂ ಜೋಡಿಸುತ್ತ ಹೋದರೆ ತುಂಡು ಬಿಲ್ಲೆಗಳು ಎರಡು ಅಂಚಿಗೂ ಸಮವಾಗಿ ಬೀಳುತ್ತವೆ. ತಗಡಿನ ಅಂಚು ಚಾಕುವಿನಂತೆ ಕೊಯ್ಯುತ್ತದೆ. ಕೈಚೀಲ ತೊಟ್ಟು ಕತ್ತರಿಸಿ, ಅಂಚನ್ನು ಅರದಿಂದ ಉಜ್ಜಿರಿ.

ಆ ಗೋಡೆಯಲ್ಲಿ ಮಿಕ್ಸಿಗಾಗಿ ವಿದ್ಯುತ್ತಿನ ಪ್ಲಗ್ ಇದ್ದರೆ ಮೆಯಿನ್ ಸ್ವಿಚ್ಚನ್ನು ಆರಿಸದೆ ತಗಡನ್ನು ಹತ್ತಿರಕ್ಕೆ ಒಯ್ಯಬೇಡಿರಿ. ತಂತಿಯೊಂದು ತಗಡಿಗೆ ತಾಕಿದರೆ ಗೋಡೆಯೆಲ್ಲ ವಿದ್ಯುತ್ತಿನ ಗೋಡೆಯಾದೀತು. ಆ ಭಾಗವನ್ನು ಕೆಲಸ ಬಲ್ಲ ಎಲೆಕ್ಟ್ರಿಷಿಯನ್ನನ ಕೈಯಿಂದಲೇ ಮಾಡಿಸತಕ್ಕದ್ದು. ಇದರಲ್ಲಿ ಉಳಿತಾಯ ಬೇಡ.

ಇನ್ನು ನನ್ನ ತಪ್ಪಿನ ಮಾತು. ಅಂಗಡಿಯವರು ಕೊಟ್ಟ ಸಿಲಿಕೋನ್ ಅಂಟನ್ನು ಹಿಂದುಮುಂದು ನೋಡದೆ ಬಳಿದೆ. ಮೂಗಿಗೆ ವಿನಿಗರಿನ ಹುಳಿವಾಸನೆ ಬಡಿಯಿತು. ಹೊಸ ವಸ್ತುವಿನ ವಾಸನೆಯೆಂದು ಸುಮ್ಮನಾದೆ. ಕೆಲವು ವಾರಗಳಲ್ಲಿ ಬಿಲ್ಲೆಗಳ ಸಂದಿನಲ್ಲೆಲ್ಲ ಹಸಿರು ಗೆರೆ ಮೂಡಿತು. "ಗೋಡೆಗೂ ಕಿಲುಬು ಹಿಡಿಸಿದಿರಲ್ಲ!" ಎಂದರು ಮನೆಯವರು. ಶಾಲೆಯ ವಿಜ್ಞಾನದ ಮೇಷ್ಟರು ಕಾರಣ ತಿಳಿಸಿದರು: ಆ ಬಗೆಯ ಅಂಟು ಒಣಗುವಾಗ ಅಸಿಟಿಕ್ ಆಮ್ಲವನ್ನು ಬಿಡುತ್ತದೆ; ಹುಳಿ ತಾಮ್ರವನ್ನು ತಿಂದು ಕಿಲುಬಾಗುತ್ತದೆ. ಹುಳಿ ಅಡಿಗೆಯ ಪಾತ್ರೆಗೆ ಹಿರಿಯರು ಕಲಾಯಿ ಹಾಕಿಸುತ್ತಿದ್ದುದು ಇದೇ ಕಾರಣಕ್ಕೆ. ಇದನ್ನು ಬಲ್ಲ ನಾನು ಗೋಡೆಯ ವಿಷಯದಲ್ಲಿ ಮರೆತಿದ್ದೆ. ಎಲ್ಲವನ್ನೂ ಕಿತ್ತು, 'ನ್ಯೂಟ್ರಲ್' ಎಂದು ಬರೆದಿರುವ, ಶಾಖ ತಡೆಯುವ ಅಂಟನ್ನು ತಂದು ಮತ್ತೆ ಅಂಟಿಸಿದೆ. ಒತ್ತಿ ಹಿಡಿದು, ಪಟ್ಟಿ ಅಂಟಿಸಿ, ಒಂದು ದಿನ ಪೂರ್ತಿ ಒಲೆ ಹಚ್ಚದೆ ಬಿಟ್ಟೆವು.

ಮೊಳೆ ಹೊಡೆಯಬೇಕೆನಿಸಿದರೆ ಕಬ್ಬಿಣದ್ದು ಬೇಡ, ಹಿತ್ತಾಳೆಯದಿರಲಿ. ತೇವವಿರುವಲ್ಲಿ ತಾಮ್ರದ ಸಂಗ ಕಬ್ಬಿಣಕ್ಕೆ ಕೇಡು. ನ್ಯೂಯಾರ್ಕ್ ಬಂದರಿನ ಸ್ವಾತಂತ್ರ್ಯದೇವಿಯ ಪ್ರತಿಮೆ ಇದಕ್ಕೆ ಸಾಕ್ಷಿ. 1886ರಲ್ಲಿ ಅನಾವರಣಗೊಂಡ ಆ ಪ್ರತಿಮೆಯ ಮೈ ತಾಮ್ರ, ಒಳಗಿನ ಹಂದರ ಕಬ್ಬಿಣ. ಎರಡರ ನಡುವೆ ಇಟ್ಟಿದ್ದ ತಡೆ ಸವೆದು ಕಬ್ಬಿಣ ತುಕ್ಕು ಹಿಡಿಯಿತು. 1986ರಲ್ಲಿ ಮುಗಿದ ದುರಸ್ತಿಯಲ್ಲಿ ತಾಮ್ರದ ಮೈಯನ್ನು ಹಿಡಿದಿದ್ದ ಕಬ್ಬಿಣದ ಪಟ್ಟಿಗಳನ್ನು ತೆಗೆದು ಸ್ಟೇನ್‌ಲೆಸ್ ಉಕ್ಕಿನ ಪಟ್ಟಿಗಳನ್ನು ಹಾಕಬೇಕಾಯಿತು.

ಕೊನೆಗೆ ಒಪ್ಪದ ಮಾತು. ದಿನವೂ ಸಾಬೂನಿನ ನೀರಿನಲ್ಲಿ ಅದ್ದಿದ ಮೆತ್ತನೆಯ ಬಟ್ಟೆಯಿಂದ ಒರೆಸಿ, ಒಣಬಟ್ಟೆಯಿಂದ ತೇವ ತೆಗೆದರೆ ಸಾಕು. ಮಿರುಗು ಬೇಕೆನ್ನುವವರು ಹುಣಿಸೆಹಣ್ಣು, ಉಪ್ಪು ಹಚ್ಚಿ ತಿಕ್ಕಬಹುದು. ಆದರೆ ಹುಳಿಯ ಸುಳಿವೂ ಉಳಿಯದಂತೆ ಒರೆಸಬೇಕು. ಮೆರುಗೆಣ್ಣೆ ಬಳಿದ ಬಿಲ್ಲೆಯಾದರೆ ತಿಕ್ಕಲೇಬಾರದು, ಮೆರುಗು ಕಿತ್ತು ಹೋಗುತ್ತದೆ. ತಿಕ್ಕದೆ ಬಿಟ್ಟರೆ ತಾಮ್ರ ಕ್ರಮೇಣ ಕಂದುಬಣ್ಣಕ್ಕೆ ತಿರುಗುತ್ತದೆ. ಅದು ರೋಗವಲ್ಲ, ವಯಸ್ಸು. ನಮ್ಮ ಮನೆಯಲ್ಲಿ ಈಗ ಹಾಗೆಯೇ ಬಿಟ್ಟಿದ್ದೇವೆ. ನೋಡಲು ಚೆನ್ನಾಗಿಯೇ ಇದೆ.

ತಾವೂ ಈ ಕೆಲಸಕ್ಕೆ ಕೈಹಾಕುವುದಾದರೆ ಮೊದಲು ಒಂದು ಚೂರು ಹಲಗೆಯ ಮೇಲೆ ಎರಡು ಬಿಲ್ಲೆ ಅಂಟಿಸಿ ತಿಂಗಳು ಕಾಯಿರಿ. ಹಸಿರು ಕಾಣದಿದ್ದರೆ ಗೋಡೆಗೆ ನಡೆಯಿರಿ.